ಹೊಟ್ಟೆಗೆ ಹಿಪ್ನಾಟಿಸಂ ಸರಿ, ಪೂರ್ವಜನ್ಮ ಯಾಕೆ?

ಬಳ್ಳಾರಿಯ ಕೌಲ್ ಬಜಾರ್‌ನಲ್ಲಿ ನನ್ನದು ಜೀನ್ಸ್ ಹೊಲಿಯುವ ಸಣ್ಣ ಯೂನಿಟ್. ಲೋಡ್ ಕಳಿಸುವ ದಿನ ಬಂತೆಂದರೆ ಹೊಟ್ಟೆ ಕೆಡುತ್ತಿತ್ತು. ಸ್ಕ್ಯಾನಿಂಗ್, ಎಂಡೋಸ್ಕೋಪಿ ಎಲ್ಲಾ ನಾರ್ಮಲ್. ಇದು ಐಬಿಎಸ್, ಅಂದರೆ ಪರೀಕ್ಷೆಯಲ್ಲಿ ಏನೂ ಕಾಣದಿದ್ದರೂ ಹೊಟ್ಟೆನೋವು, ಭೇದಿ ಅಥವಾ ಮಲಬದ್ಧತೆ ಕಾಡುವ ಕರುಳಿನ ತೊಂದರೆ ಅಂದ ಡಾಕ್ಟರೇ, ಮಾತ್ರೆ ಜೊತೆ ಹಿಪ್ನೋಥೆರಪಿಯನ್ನೂ (ಹಿಪ್ನಾಟಿಸಂ ಬಳಸುವ ಚಿಕಿತ್ಸೆ) ನೋಡಿ ಅಂದರು. ಹಾಗೆ ಒಂದು ಹಿಪ್ನೋಥೆರಪಿ ಕ್ಲಿನಿಕ್‌ಗೆ ಹೋದೆ.

"ಅಣ್ಣಾ, ವಶೀಕರಣ ಮಾಡಿ ಬೀರು ಕೀಲಿ ಕೇಳಿದ್ರೆ?" ಅಂತ ನಮ್ಮ ಕಟಿಂಗ್ ಮಾಸ್ಟರ್ ನಕ್ಕ. ಅಂಥದ್ದೇನೂ ಇಲ್ಲ. ಕಣ್ಣ ಮುಂದೆ ಗಡಿಯಾರ ತೂಗಾಡಿಸಲ್ಲ. ನಿದ್ದೆಯೂ ಬರಲ್ಲ, ಹೊರಗಿನ ಆಟೋ ಹಾರ್ನ್ ಕೇಳಿಸುತ್ತಲೇ ಇರುತ್ತದೆ. ಬೇಡ ಅನ್ನಿಸಿದರೆ ಎದ್ದು ಬರಬಹುದು. ಗಮನ ಮಾತ್ರ ಒಂದೇ ಕಡೆ ನಿಂತಿರುತ್ತದೆ.

ಚಿಕಿತ್ಸೆ ಕೊಡುವ ಮೇಡಂ ಮೊದಲು ಹೊಟ್ಟೆ ಮೇಲೆ ಕೈ ಇಡಿಸಿ, ಬಿಸಿ ಹರಡುತ್ತಿದೆ ಅಂದುಕೊಳ್ಳಿ ಅಂದರು. ಬಳ್ಳಾರಿ ಮೇ ತಿಂಗಳಲ್ಲಿ ಅದನ್ನು ಅಂದುಕೊಳ್ಳಬೇಕಾ! ಆಮೇಲೆ, ಕರುಳನ್ನು ಸಲೀಸಾಗಿ ಹರಿಯುವ ಹೊಳೆ ಅಂತ ನೆನೆಯಿರಿ ಅಂದರು. ನನಗೆ ಹೊಳೆಗಿಂತ ತುಂಗಭದ್ರಾ ಕಾಲುವೆಯೇ ಕಣ್ಣಿಗೆ ಬಂತು. ಅದೇ ಇರಲಿ ಅಂತ ಅಲ್ಲಿಂದ ಮುಂದೆ ಕಾಲುವೆಯನ್ನೇ ಹಿಡಿದು ಮಾತಾಡಿದರು. ತೂಬು ಎಷ್ಟು ತೆರೆಯಬೇಕು, ನೀರು ಎಷ್ಟು ಜೋರಾಗಿ ಹೋಗಬೇಕು ಅನ್ನೋದೆಲ್ಲ ನನ್ನ ಕೈಯಲ್ಲೇ. ಈ ಭಾಗಕ್ಕೆ ಪೂರ್ತಿ ಮಾರ್ಕು. ಮೊಬೈಲ್‌ಗೆ ರೆಕಾರ್ಡಿಂಗ್ ಕೊಡುತ್ತಾರೆ. ಮನೆಯಲ್ಲಿ ದಿನಾ ಕೇಳದಿದ್ದರೆ ದುಡ್ಡು ದಂಡ.

ಇದೇನು ಸುಮ್ನೆ ಹೇಳೋ ಮಾತಲ್ಲ. 1984ರಲ್ಲೇ ಮ್ಯಾಂಚೆಸ್ಟರ್‌ನಲ್ಲಿ ಪೀಟರ್ ವೋರ್ವೆಲ್ ಎಂಬ ಡಾಕ್ಟರ್ ಮತ್ತು ಜೊತೆಯವರು 30 ಐಬಿಎಸ್ ರೋಗಿಗಳನ್ನು ಎರಡು ಗುಂಪು ಮಾಡಿ ನೋಡಿದ್ದರು. ಮಾತುಕತೆ ಜೊತೆ ಔಷಧಿ ಇಲ್ಲದ ಮಾತ್ರೆ ಪಡೆದವರಿಗಿಂತ ಹಿಪ್ನೋಥೆರಪಿಯವರು ಜಾಸ್ತಿ ಸುಧಾರಿಸಿದರು. ಎಲ್ಲರಿಗೂ ಒಂದೇ ಥರ ನಾಟಲ್ಲ ಅಂತ ಮೇಡಂ ಮೊದಲೇ ಹೇಳಿದ್ದರು, ಅದು ಇಷ್ಟವಾಯ್ತು. ನನಗೆ ನೋವು ಪೂರ್ತಿ ಹೋಗಿಲ್ಲ. ಆದರೆ ಲೋಡ್ ಹೋಗುವ ದಿನವೂ ಬೆಳಿಗ್ಗೆ ಮಂಡಕ್ಕಿ ಒಗ್ಗರಣೆ ತಿನ್ನುತ್ತೇನೆ. ಮಿರ್ಚಿ ಮಾತ್ರ ಇನ್ನೂ ದೂರ.

ಸಿಟ್ಟು ಬಂದಿದ್ದು ಕೌಂಟರ್‌ನಲ್ಲಿ. ಒಂದು ಸಲಕ್ಕೆ 800 ರೂಪಾಯಿ, ಅದು ಸರಿ. ಬಿಲ್ ಕೊಡುವಾಗ "ಸರ್, ಪೂರ್ವಜನ್ಮ ನೋಡೋ ಪ್ಯಾಕೇಜ್ ಇದೆ, 6,000" ಅಂದರು. ಒಳಗೆ ಅಷ್ಟು ನೇರ ಮಾತು, ಹೊರಗೆ ಈ ವ್ಯಾಪಾರ! ಹಿಪ್ನಾಸಿಸ್‌ನಲ್ಲಿ ನೆನಪು ನಿಖರವಾಗಲ್ಲ. ಕಲ್ಪನೆಯೇ ನೆನಪಿನ ವೇಷ ಹಾಕಿಕೊಂಡು ಬರಬಹುದು, ಅದನ್ನೇ ನಿಜ ಅಂತ ಗಟ್ಟಿಯಾಗಿ ನಂಬಿಬಿಡುತ್ತೇವೆ. ಹಿಂದಿನ ಜನ್ಮದಲ್ಲಿ ವಿಜಯನಗರದ ಸೇನಾಪತಿ ಆಗಿದ್ದೆ ಅಂತ ಗೊತ್ತಾದರೆ ನನ್ನ ಕರುಳಿಗೇನು ಲಾಭ?

ಒಟ್ಟಾರೆ ಈ ಕ್ಲಿನಿಕ್‌ಗೆ ನನ್ನ ಮಾರ್ಕು ಐದಕ್ಕೆ ಮೂರೂವರೆ. ಮೊದಲು ಹೊಟ್ಟೆಯ ಡಾಕ್ಟರಿಗೆ ತೋರಿಸಿಯೇ ಹೋಗಿ. ಸಂಜೆ ಹೊತ್ತು ಬೇಡ, ಪಕ್ಕದಲ್ಲೇ ಮದುವೆ ಹಾಲ್ ಇದೆ.