ಟೈಮ್‌ಪೀಸ್, ಟಿಎಂಡಿ, ಟೈಟನ್‌ಫಾಲ್ ಕೈಪಟ್ಟಿ: ಗೇಮ್‌ಗಳಲ್ಲಿ ಕಾಲ ತಿರುಗಿಸೋ ಮೂರು ಯಂತ್ರ ಆಡಿ ನೋಡಿದ್ಮೇಲೆ

ಸೇಲ್ ಬಂದಾಗ ಡಿಸ್‌ಆನರ್ಡ್ 2 ತಗೊಂಡೆ. ಅದರಲ್ಲಿರೋ ಟೈಮ್‌ಪೀಸ್ ಅನ್ನೋ ಕಾಲ ತಿರುಗಿಸೋ ಯಂತ್ರ ಎಷ್ಟು ಹಿಡಿಸ್ತು ಅಂದ್ರೆ ಕಾಲದ ಜೊತೆ ಆಟ ಆಡೋ ಗೇಮ್ ಇನ್ನೇನಿದೆ ಅಂತ ಹುಡುಕಿ ಟೈಟನ್‌ಫಾಲ್ 2, ಸಿಂಗ್ಯುಲಾರಿಟಿ ಎರಡನ್ನೂ ಕೊಂಡು ಆಡಿದೆ. ಮೊದ್ಲೇ ಹೇಳ್ಬಿಡ್ತೀನಿ, ನನ್ನ ಪ್ರಕಾರ ಟೈಮ್‌ಪೀಸ್ ಮುಂದೆ ಉಳಿದೆರಡೂ ನಿಲ್ಲಲ್ಲ. ಗ್ರಾಫಿಕ್ಸ್, ಎಫ್‌ಪಿಎಸ್ ವಿಷಯ ಎಲ್ಲಾ ಕಡೆ ಸಿಗುತ್ತೆ, ಇಲ್ಲಿ ಬರೀ ಆ ಯಂತ್ರಗಳ ಮಾತು. ಕಥೆ ಸ್ವಲ್ಪ ಹೊರಗೆ ಬರುತ್ತೆ, ಆಡದೇ ಇರೋರು ನೋಡ್ಕೊಂಡು ಓದಿ.

ಸಿಂಗ್ಯುಲಾರಿಟಿ 2010ರಲ್ಲಿ ರೇವನ್ ಸಾಫ್ಟ್‌ವೇರ್ ಮಾಡಿದ್ದು. ಕಟೋರ್ಗಾ-12 ಅನ್ನೋ ದ್ವೀಪ, ಅಲ್ಲಿ ಸೋವಿಯತ್ ವಿಜ್ಞಾನಿಗಳು ಇ99 ಅನ್ನೋ ಧಾತು ಇಟ್ಕೊಂಡು ಪ್ರಯೋಗ ಮಾಡಿರ್ತಾರೆ, ನಾವು 1955ಕ್ಕೆ ಹೋಗಿ ಬೆಂಕಿಯಲ್ಲಿ ಸಿಕ್ಕಿದ್ದ ಡೆಮಿಚೆವ್ ಅನ್ನೋ ವಿಜ್ಞಾನಿನ ಕಾಪಾಡಿ ವಾಪಸ್ ಬಂದ್ರೆ ಪ್ರಪಂಚಾನೇ ಅವನ ಕೈಲಿರುತ್ತೆ. ಐಡಿಯಾ ಅಂದ್ರೆ ಇದು. ಆಮೇಲೆ ಕೈಗೆ ಟಿಎಂಡಿ (ಟೈಮ್ ಮ್ಯಾನಿಪ್ಯುಲೇಶನ್ ಡಿವೈಸ್, ಅಂದ್ರೆ ಕಾಲ ಬದಲಾಯಿಸೋ ಯಂತ್ರ) ಸಿಗುತ್ತೆ, ಹಾಳಾದ ಮೆಟ್ಟಿಲನ್ನ ಹೊಸದು ಮಾಡುತ್ತೆ, ಎದುರು ಬಂದ ಸೈನಿಕನಿಗೆ ಕ್ಷಣದಲ್ಲಿ ವಯಸ್ಸಾಗಿಸಿ ಪುಡಿಪುಡಿ ಮಾಡುತ್ತೆ, ಡೆಡ್‌ಲಾಕ್ ಅಂತ ಒಂದು ಗುಳ್ಳೆ ಬಿಟ್ರೆ ಅದರೊಳಗೆ ಎಲ್ಲಾ ನಿಂತೋಗುತ್ತೆ. ಹೊಡೆದಾಡೋಕೆ ಸೂಪರ್. ಆದ್ರೆ ಗೇಮ್ ತೋರಿಸಿದ ವಸ್ತು ಮೇಲೆ ಮಾತ್ರ ಕೆಲಸ ಮಾಡುತ್ತೆ. ಈ ಮೆಟ್ಟಿಲು ಸರಿಹೋಗುತ್ತೆ, ಪಕ್ಕದಲ್ಲೇ ಮುರಿದು ಬಿದ್ದಿರೋ ಇನ್ನೊಂದಕ್ಕೆ ಏನೂ ಆಗಲ್ಲ. ಹಂಗಾಗಿ ಸ್ವಲ್ಪ ಹೊತ್ತಾದ್ಮೇಲೆ ಕಾಲದ ಯೋಚನೆನೇ ಬಿಟ್ಟು ಮುಂದೆ ಯಾವ್ದು ಮಿನುಗ್ತಿದೆ ಅಂತ ಹುಡುಕೋದೇ ಕೆಲಸ ಆಗೋಗುತ್ತೆ.

ಟೈಟನ್‌ಫಾಲ್ 2 (2016) ಇಡೀ ಕಥೆಲಿ ಕಾಲ ಬದಲಾಯಿಸೋ ಕೈಪಟ್ಟಿ ಬರೋದು ಎಫೆಕ್ಟ್ ಆ್ಯಂಡ್ ಕಾಸ್ ಅನ್ನೋ ಒಂದೇ ಲೆವೆಲ್‌ನಲ್ಲಿ. ಕೈಗೆ ಕಟ್ಕೊಂಡು ಒಂದು ಬಟನ್ ಒತ್ತಿದ್ರೆ ಸುಟ್ಟು ಹಾಳಾದ ಲ್ಯಾಬ್ ಹೋಗಿ ಜನ ತುಂಬಿರೋ ಹಳೇ ಲ್ಯಾಬ್ ಬರುತ್ತೆ, ಲೋಡಿಂಗ್ ಅನ್ನೋದೇ ಇಲ್ಲ. ಮಾಡಿದೋರು ಎರಡು ಕಾಲದ ಮ್ಯಾಪನ್ನೂ ಒಂದರ ಮೇಲೊಂದು ಇಟ್ಟು ಬಟನ್ ಒತ್ತಿದಾಗ ನಮ್ಮನ್ನ ಮೇಲಕ್ಕೂ ಕೆಳಕ್ಕೂ ಹಾಕ್ತಾರೆ ಅಷ್ಟೆ. ಇವತ್ತಿನ ಗೋಡೆ ಮೇಲೆ ಓಡಿ, ಹಾರಿ, ಗಾಳಿಲಿರುವಾಗಲೇ ಕಾಲ ಬದಲಾಯಿಸಿ ಅವತ್ತಿನ ಗೋಡೆ ಹಿಡಿಯೋದು ಇದೆಯಲ್ಲ, ಅದರ ಖುಷಿ ಉಳಿದೆರಡರಲ್ಲಿ ಇಲ್ಲವೇ ಇಲ್ಲ. ಆದ್ರೆ ಹಳೇ ಕಾಲ ಬರೀ ದಾಟಿಕೊಂಡು ಹೋಗೋ ದಾರಿ, ಅಲ್ಲಿ ನಾವು ಮಾಡಿದ್ದಕ್ಕೆ ಇಲ್ಲಿ ಉತ್ತರ ಸಿಗಲ್ಲ.

ಇನ್ನು ಟೈಮ್‌ಪೀಸ್. ಇದಕ್ಕಿಂತ ಮುಂಚೆ ಬರೋ ಬೀಗದ ಬಗ್ಗೆ ಹೇಳ್ಲೇಬೇಕು, ಯಾಕಂದ್ರೆ ತುಂಬಾ ಜನ ಇಲ್ಲೇ ಬಿಟ್ಟು ಎದ್ದೋಗ್ತಾರೆ. ಅರಾಮಿಸ್ ಸ್ಟಿಲ್ಟನ್ ಅನ್ನೋ ಗಣಿ ಸಾಹುಕಾರನ ಬಂಗಲೆ ಬಾಗಿಲಿಗೆ ಜಿಂಡೋಶ್ ಲಾಕ್ ಅಂತ ಇದೆ. ಐದು ಜನ ಹೆಂಗಸರು ಊಟಕ್ಕೆ ಸಾಲಾಗಿ ಕೂತಿರ್ತಾರೆ, ಯಾರ ಬಟ್ಟೆ ಯಾವ ಬಣ್ಣ, ಯಾವ ಊರು, ಏನು ಕುಡೀತಿದ್ರು, ಯಾರ ಹತ್ರ ಯಾವ ಒಡವೆ ಅಂತ ಒಂದು ಚೀಟಿಲಿ ಸುತ್ತಿ ಬಳಸಿ ಬರೆದಿರ್ತಾರೆ, ನಾವು ಹೆಸರಿಗೂ ಒಡವೆಗೂ ಜೋಡಿ ಹಾಕ್ಬೇಕು. ನೆಟ್‌ನಲ್ಲಿ ನೋಡಿ ಹಾಕೋಣ ಅಂದ್ರೆ ಆಗಲ್ಲ, ಪ್ರತಿ ಹೊಸ ಆಟಕ್ಕೂ ಉತ್ತರ ಬದಲಾಗುತ್ತೆ. ಇಡೀ ದಿನ ಆಫೀಸಲ್ಲಿ ತಲೆ ಓಡಿಸಿ ರಾತ್ರಿ ಮನೇಗೆ ಬಂದು ಗೇಮ್ ಹಾಕಿದೋನಿಗೆ ಇದು ನಿಜವಾಗ್ಲೂ ಹಿಂಸೆ.

ಬಿಡಿಸೋ ದಾರಿ ಹೇಳ್ತೀನಿ. ಪೇಪರ್ ಮೇಲೆ ಐದು ಕಾಲಂ ಹಾಕ್ಕೊಳ್ಳಿ. ಎಡತುದಿಲಿ ಕೂತಿರೋಳು ಯಾರು, ಅವಳ ಪಕ್ಕದೋಳ ಬಟ್ಟೆ ಯಾವ ಬಣ್ಣ ಅಂತ ಚೀಟಿಲಿ ನೇರವಾಗೇ ಇರುತ್ತೆ, ಮಧ್ಯದೋಳ ಗ್ಲಾಸಲ್ಲಿ ಏನಿತ್ತು ಅನ್ನೋದೂ ಇರುತ್ತೆ. ಈ ಮೂರನ್ನ ಮೊದ್ಲು ತುಂಬಿದ್ರೆ ಉಳಿದಿದ್ದು ಒಂದೊಂದಾಗಿ ಕೂರುತ್ತೆ. ಇದೂ ಬೇಡ ಅನ್ನೋರಿಗೆ ಬೇರೆ ದಾರಿ ಇದೆ, ಊರಲ್ಲಿ ಕಿತ್ತಾಡ್ತಿರೋ ಓವರ್‌ಸೀಯರ್, ಹೌಲರ್ ಗುಂಪಲ್ಲಿ ಒಬ್ಬರ ನಾಯಕನನ್ನ ಹೊತ್ಕೊಂಡು ಹೋಗಿ ಇನ್ನೊಬ್ಬರಿಗೆ ಒಪ್ಪಿಸಿದ್ರೆ ಉತ್ತರ ಅವ್ರೇ ಕೊಡ್ತಾರೆ, ಆದ್ರೆ ಅದಕ್ಕೆ ಬಂಗಲೆ ಇರೋ ಡಸ್ಟ್ ಡಿಸ್ಟ್ರಿಕ್ಟ್ ಅನ್ನೋ ಜಾಗ ಇಡೀ ಆಡ್ಬೇಕು. ಬೀಗ ನೀವೇ ಬಿಡಿಸಿದ್ರೆ ಸೀದಾ ಒಳಗೆ.

ಒಳಗೆ ಹೋದ್ಮೇಲೆ ನಿಮ್ಮ ಬೇರೆ ಶಕ್ತಿ ಯಾವ್ದೂ ನಡೆಯಲ್ಲ, ಟೈಮ್‌ಪೀಸ್ ಒಂದೇ ಆಸರೆ. ಕೈಲಿ ಹಿಡಿದ್ರೆ ಗಾಜಿನ ಮೂರು ರೆಕ್ಕೆ ಬಿಚ್ಚಿಕೊಳ್ಳುತ್ತೆ, ಅದರೊಳಗಿಂದ ಮೂರು ವರ್ಷದ ಹಿಂದಿನ ಅದೇ ಕೋಣೆ ಕಾಣುತ್ತೆ. ನೀವು ಈಗಿನ ಧೂಳಲ್ಲಿ ನಿಂತಿರ್ತೀರ, ಗಾಜಲ್ಲಿ ಕಾವಲುಗಾರ ಓಡಾಡ್ತಿರ್ತಾನೆ, ಅವನಿಗೆ ನೀವು ಕಾಣಲ್ಲ. ಅವನು ಬೆನ್ನು ತಿರುಗಿಸೋವರೆಗೂ ಕಾದು ಆಮೇಲೆ ಆ ಕಾಲಕ್ಕೆ ಹಾರ್ಬಹುದು. ಉಳಿದೆರಡು ಗೇಮಲ್ಲಿ ಇಲ್ಲದೇ ಇರೋದು ಇದೇ, ಹೋಗೋ ಮುಂಚೆ ನೋಡೋ ಅವಕಾಶ.

ಅದಕ್ಕಿಂತ ದೊಡ್ಡದು ಇನ್ನೊಂದಿದೆ. ಹಿಂದಿನ ಕಾಲದಲ್ಲಿ ಸ್ಟಿಲ್ಟನ್‌ಗೆ ಹುಚ್ಚು ಹಿಡಿಯೋದು ಆ ಬಂಗಲೆಲಿ ನಡೆಯೋ ಒಂದು ಪೂಜೆ ಥರದ್ದನ್ನ ನೋಡಿ, ಅದಕ್ಕೆ ಹೋಗೋ ಮುಂಚೆ ಅವನ ಪ್ರಜ್ಞೆ ತಪ್ಪಿಸಿ ಮಲಗಿಸಿದ್ರೆ, ವಾಪಸ್ ಬಂದಾಗ ಹಾಳು ಬಂಗಲೆ ಹಾಳಾಗೇ ಇರಲ್ಲ, ಅವನಿಗೆ ಹುಚ್ಚೂ ಹಿಡಿದಿರಲ್ಲ. ಹಡಗಿಗೆ ಹೋದ್ರೆ ಇಷ್ಟು ದಿನ ಒಂದು ಕೈ, ಒಂದು ಕಣ್ಣು ಇಲ್ಲದೇ ಇದ್ದ ಹಡಗಿನ ಕ್ಯಾಪ್ಟನ್ ಮೇಗನ್ ಫಾಸ್ಟರ್ ಎರಡೂ ಕೈ, ಎರಡೂ ಕಣ್ಣು ಇಟ್ಕೊಂಡು ನಿಂತಿರ್ತಾಳೆ. ಹಿಂಗೆ ಮಾಡು ಅಂತ ಗೇಮ್ ಎಲ್ಲೂ ಒತ್ತಾಯ ಮಾಡಲ್ಲ. ಅವಳನ್ನ ನೋಡಿ ನನಗೆ ಮೈ ಜುಮ್ ಅಂತು.

ಇದೂ ಒಂದೇ ಲೆವೆಲ್‌ಗೆ ಮುಗಿಯುತ್ತೆ, ಅದೊಂದೇ ಬೇಜಾರು.

ನಾನು ರಾತ್ರಿ ಒಂದು ಗಂಟೆ ಆಡೋನು, ನಿಧಾನಕ್ಕೆ ಮೂಲೆಮೂಲೆ ನೋಡ್ತಾ ಹೋಗೋನು, ಯಾವಾಗ ಬೇಕಾದ್ರೂ ಸೇವ್ ಮಾಡಿ ಎದ್ದೇಳೋಕೆ ಡಿಸ್‌ಆನರ್ಡ್ 2 ಬಿಡುತ್ತೆ, ಅದೂ ನನ್ನ ಲೆಕ್ಕಕ್ಕೆ ಬರುತ್ತೆ. ಡೌನ್‌ಲೋಡ್ ದೊಡ್ಡದು, ಡೇಟಾ ಪ್ಯಾಕ್ ನೋಡ್ಕೊಂಡು ಹಾಕಿ. ಪೂರ್ತಿ ಬೆಲೆ ಕೊಡ್ಬೇಡಿ, ಸೇಲ್‌ಗೆ ಕಾಯಿರಿ. ಓಡಾಟ, ಶೂಟಿಂಗ್ ಇಷ್ಟ ಇರೋರು ಟೈಟನ್‌ಫಾಲ್ 2 ತಗೊಳ್ಳಿ, ಸಿಂಗ್ಯುಲಾರಿಟಿ ತೀರಾ ಕಮ್ಮಿಗೆ ಸಿಕ್ಕಿದ್ರೆ ಮಾತ್ರ.