‘ಬಿಡುವು’ ಪೆಟ್ಟಿಗೆ: ನಿದ್ದೆಗೆ ಸರಿ, ದುಡಿಮೆಗೆ ಬೇಡ

ನಾನು ನರ್ಸ್. ರಾತ್ರಿ ಪಾಳಿ ಮುಗಿಸಿ ಮನೆಗೆ ಬಂದರೆ ಮನೆಕೆಲಸ ಕಾಯುತ್ತಿರುತ್ತದೆ. ಅದು ಮುಗಿಯುವಷ್ಟರಲ್ಲಿ ಮಕ್ಕಳು ಶಾಲೆಯಿಂದ ಬಂದಿರುತ್ತಾರೆ. ‘ಬಿಡುವು’ ಪೆಟ್ಟಿಗೆಯನ್ನು ನಾನು ಕೊಂಡಿದ್ದು ನಿದ್ದೆಗಾಗಿ, ಬೇರೆ ಯಾವುದಕ್ಕೂ ಅಲ್ಲ. ಕೆಲವು ತಿಂಗಳಿಂದ ಬಳಸುತ್ತಿದ್ದೇನೆ.

ಪೆಟ್ಟಿಗೆ ಚಿಕ್ಕದು, ತಲೆದಿಂಬಿನ ಪಕ್ಕ ಇಟ್ಟುಕೊಳ್ಳಬಹುದು. ಮೇಲೊಂದು ಡಯಲ್ ಇದೆ, 1ರಿಂದ 10ರವರೆಗೆ. ಸ್ವಿಚ್ ಒತ್ತಿದರೆ ಹಾಸಿಗೆಯಷ್ಟು ಜಾಗದಲ್ಲಿ ಸಮಯ ಬೇಗ ಓಡುತ್ತದೆ. 10ಕ್ಕೆ ಇಟ್ಟು ಒಳಗೆ ಆರು ಗಂಟೆ ಮಲಗಿ ಎದ್ದರೆ ಹೊರಗೆ 36 ನಿಮಿಷ ಆಗಿರುತ್ತದೆ. ನಿದ್ದೆ ಮಾತ್ರ ಅಪ್ಪಟ ನಿದ್ದೆ. ಕಣ್ಣುರಿ ಇಲ್ಲ, ತಲೆಭಾರ ಇಲ್ಲ.

ಇದೇನೋ ಮಾಟಮಂತ್ರ ಅಂತ ನಮ್ಮ ವಾರ್ಡಿನಲ್ಲಿ ಕೆಲವರು ಹೆದರುತ್ತಾರೆ. ಹೆದರಬೇಕಾಗಿಲ್ಲ. ಸಮಯ ಎಲ್ಲ ಕಡೆ ಒಂದೇ ವೇಗದಲ್ಲಿ ಓಡುವುದಿಲ್ಲ ಅನ್ನುವುದು ಹಳೆಯ ವಿಷಯ. 1971ರಲ್ಲಿ ಹಾಫೆಲೆ ಮತ್ತು ಕೀಟಿಂಗ್ ಎಂಬ ಇಬ್ಬರು ವಿಜ್ಞಾನಿಗಳು ಸೀಸಿಯಂ ಗಡಿಯಾರಗಳನ್ನು, ಅಂದರೆ ತೀರಾ ನಿಖರವಾದ ಪರಮಾಣು ಗಡಿಯಾರಗಳನ್ನು, ವಿಮಾನದಲ್ಲಿಟ್ಟುಕೊಂಡು ಭೂಮಿಯನ್ನು ಸುತ್ತಿದರು. ಪಶ್ಚಿಮದ ಕಡೆ ಸುತ್ತಿ ಬಂದಾಗ ಅವು ನೆಲದ ಗಡಿಯಾರಕ್ಕಿಂತ ಸುಮಾರು 273 ನ್ಯಾನೋಸೆಕೆಂಡ್ (ಸೆಕೆಂಡಿನ ನೂರು ಕೋಟಿಯಲ್ಲೊಂದು ಪಾಲು) ಮುಂದಿದ್ದವು, ಪೂರ್ವದ ಕಡೆ ಹೋದಾಗ ಸುಮಾರು 59 ನ್ಯಾನೋಸೆಕೆಂಡ್ ಹಿಂದೆ. ಜಿಪಿಎಸ್ ಉಪಗ್ರಹದ ಗಡಿಯಾರವೂ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ (ಸೆಕೆಂಡಿನ ಹತ್ತು ಲಕ್ಷದಲ್ಲೊಂದು ಪಾಲು) ಮುಂದೆ ಓಡುತ್ತದೆ. ಅದನ್ನು ಸರಿಪಡಿಸಿಕೊಳ್ಳುವುದರಿಂದಲೇ ನಮ್ಮ ಫೋನು ದಾರಿ ಸರಿಯಾಗಿ ತೋರಿಸುತ್ತದೆ. ಕಣ್ಣೆವೆ ಮಿಟುಕಿಸುವಷ್ಟೂ ಇಲ್ಲದ ಆ ವ್ಯತ್ಯಾಸವನ್ನು ಗಂಟೆಗಳ ಮಟ್ಟಕ್ಕೆ ತಂದಿದ್ದು ಈ ಪೆಟ್ಟಿಗೆಯ ಹೆಚ್ಚುಗಾರಿಕೆ.

ಇದರ ಜೊತೆ ಕನ್ನಡಿ ಹಾಳೆಯ ಒಂದು ಗುಡಾರ ಕೊಡುತ್ತಾರೆ. ದಯವಿಟ್ಟು ಅದಿಲ್ಲದೆ ಪೆಟ್ಟಿಗೆ ಹಚ್ಚಬೇಡಿ. ಸುಮ್ಮನೆ ಕೂತ ಮನುಷ್ಯನ ಮೈಯಿಂದ ಸುಮಾರು 100 ವ್ಯಾಟ್ ಶಾಖ ಹೊರಬರುತ್ತದೆ. 10ರಲ್ಲಿ ಅದು ಹೊರಗಿನವರ ಲೆಕ್ಕಕ್ಕೆ ಕಡಿಮೆ ಅಂದರೂ 1000 ವ್ಯಾಟ್, ಅಂದರೆ ಒಂದು ರೂಮ್ ಹೀಟರ್. ಅಷ್ಟೇ ಅಲ್ಲ, ಆ ಶಾಖದ ಅಲೆಗಳ ಕಂಪನವೂ ಹತ್ತು ಪಟ್ಟಾಗುತ್ತದೆ. ಕಣ್ಣಿಗೆ ಕಾಣದ ಶಾಖದಲ್ಲಿ ಒಂದಷ್ಟು ಕಾಣುವ ಬೆಳಕಾಗಿ ಬಿಡುತ್ತದೆ. ಗುಡಾರ ಇಲ್ಲದಿದ್ದರೆ ಮಲಗಿದವರು ಹೊರಗಿನವರಿಗೆ ಹೊಳೆಯುತ್ತಾರೆ, ಹತ್ತಿರದ ಪರದೆ ಬಿಸಿಯಾಗುತ್ತದೆ. ಒಳಗಿದ್ದವರಿಗೆ ಇದರ ಉಲ್ಟಾ: ಕೋಣೆಯಿಂದ ಬರುವ ಶಾಖ ತೀರಾ ಕಡಿಮೆಯಾಗಿ ಚಳಿ ಹಿಡಿಯುತ್ತದೆ. ದಪ್ಪ ಕಂಬಳಿ ಇಟ್ಟುಕೊಳ್ಳಿ. ಇಷ್ಟೆಲ್ಲ ಅಪಾಯ ಇದ್ದರೂ ಗುಡಾರ ಮುಚ್ಚದೆಯೇ ಸ್ವಿಚ್ ಕೆಲಸ ಮಾಡುತ್ತದೆ. ಇದು ನನಗೆ ನಿಜವಾಗಿಯೂ ಸಿಟ್ಟು ತರಿಸಿದ ವಿಷಯ. ಸಣ್ಣ ಮಕ್ಕಳಿರುವ ಮನೆಗೆ ಬರುವ ಸಾಮಾನು ಇದು, ಅಲ್ವಾ?

ಗುಡಾರದೊಳಗೆ ಗಾಳಿಯ ಫ್ಯಾನ್ ಇದೆ. ಅದರ ಕಿಂಡಿಗೆ ಬಟ್ಟೆ ಅಡ್ಡ ಬರದಂತೆ ನೋಡಿಕೊಳ್ಳಿ. ಮಲಗಿದವರು ನಿಮಿಷಕ್ಕೆ ಸುಮಾರು 200 ಮಿಲಿಲೀಟರ್ ಇಂಗಾಲದ ಡೈಆಕ್ಸೈಡ್ ಬಿಡುತ್ತಾರೆ. ಆರು ಗಂಟೆಗೆ ಅದು 70 ಲೀಟರ್ ದಾಟುತ್ತದೆ. ಮುಚ್ಚಿದ ಸಣ್ಣ ಜಾಗದಲ್ಲಿ ಅಷ್ಟು ಸೇರಿಕೊಂಡರೆ ತಲೆನೋವಿನಿಂದ ಶುರುವಾಗಿ ಪ್ರಾಣಕ್ಕೇ ಕುತ್ತು ಬರಬಹುದು.

ಗುಡಾರದ ಪುಟ್ಟ ಕಿಟಕಿಯಿಂದ ಹೊರಗೆ ನೋಡುವುದು ಮಾತ್ರ ಬಲು ಚೆಂದ. ಡಯಲನ್ನು 1.2ಕ್ಕೆ ಇಟ್ಟರೆ ನೀಲಿ ಪರದೆ ಹಸಿರಾಗಿ ಕಾಣುತ್ತದೆ, ಹಸಿರು ಎಲೆ ಕೆಂಪಾಗುತ್ತದೆ, ಕೆಂಪು ಬಟ್ಟೆ ಕಪ್ಪಾಗುತ್ತದೆ. 2 ದಾಟಿದರೆ ಮನೆಯ ದೀಪಗಳ ಬೆಳಕೇ ಕಾಣುವುದಿಲ್ಲ, ಪೂರ್ತಿ ಕತ್ತಲೆ. ಒಳಗೊಂದು ಟಾರ್ಚ್ ಬೇಕೇ ಬೇಕು.

ಬೆಳಕಿಗಿಂತ ನನ್ನನ್ನು ಜಾಸ್ತಿ ಕಾಡಿದ್ದು ಶಬ್ದ. ಮಗುವಿನ ಕೂಗು ಸುಮಾರು 300 ಹರ್ಟ್ಜ್, ಅಂದರೆ ಸೆಕೆಂಡಿಗೆ 300 ಕಂಪನ, ಅಂದುಕೊಳ್ಳಿ. 10ರಲ್ಲಿ ಅದು 30ಕ್ಕೆ ಇಳಿಯುತ್ತದೆ, ಕಿವಿಗೆ ಬರೀ ಗುಂಯ್ ಅನ್ನುತ್ತದೆ. ಒಂದು ಸೆಕೆಂಡಿನ ‘ಅಮ್ಮಾ’ ಹತ್ತು ಸೆಕೆಂಡ್ ಎಳೆಯುತ್ತದೆ. ಹೊಗೆ ಎಚ್ಚರಿಕೆಯ ಗಂಟೆಯ ಕೀರಲು ದನಿಯೂ ತಗ್ಗಿ ಮೆತ್ತಗಾಗುತ್ತದೆ, ಅದಕ್ಕೆ ಯಾರೂ ಏಳುವುದಿಲ್ಲ. ಫೋನಿಗೆ ಸಿಗ್ನಲ್ ಹಿಡಿಯುವುದೇ ಇಲ್ಲ. ನಾವು ಒಂದು ಗಟ್ಟಿ ದಾರವನ್ನು ಕಿಂಡಿಯಿಂದ ಹೊರಗೆ ಬಿಟ್ಟು, ಇನ್ನೊಂದು ತುದಿಯನ್ನು ನನ್ನ ಕೈಗೆ ಕಟ್ಟಿಕೊಳ್ಳುತ್ತೇವೆ. ಮಗಳು ಎಳೆದರೆ ಎಚ್ಚರವಾಗುತ್ತದೆ. 10ರಲ್ಲಾದರೆ ಎದ್ದು ಪೆಟ್ಟಿಗೆ ಆರಿಸುವುದಕ್ಕೆ ನನಗೆ ಒಂದು ನಿಮಿಷ ಬೇಕಾದರೂ ಅವಳು ಕಾಯುವುದು ಆರೇ ಸೆಕೆಂಡ್. ಮನೆಯಲ್ಲಿ ಬೇರೆ ದೊಡ್ಡವರು ಎಚ್ಚರ ಇಲ್ಲದಿದ್ದರೆ ನಾನು ಪೆಟ್ಟಿಗೆ ಹಚ್ಚುವುದೇ ಇಲ್ಲ.

ಮಾತ್ರೆ ತೆಗೆದುಕೊಳ್ಳುವವರು ಗೋಡೆ ಗಡಿಯಾರ ನೋಡಬೇಡಿ, ಕೈಗಡಿಯಾರ ಕಟ್ಟಿಕೊಂಡೇ ಮಲಗಿ. ಎಂಟು ಗಂಟೆಗೊಂದು ಅಂತ ಬರೆದುಕೊಟ್ಟ ಮಾತ್ರೆಗೆ ನಿಮ್ಮ ಮೈ ಕಳೆದ ಎಂಟು ಗಂಟೆಯೇ ಲೆಕ್ಕ. ಇನ್ಸುಲಿನ್ ತೆಗೆದುಕೊಳ್ಳುವವರು ತಮ್ಮ ವೈದ್ಯರನ್ನು ಕೇಳದೆ ಇದರ ತಂಟೆಗೇ ಹೋಗಬಾರದು.

ಇನ್ನು ವಯಸ್ಸಿನ ವಿಷಯ. ದಿನಾ 10ರಲ್ಲಿ ಆರು ಗಂಟೆ ಮಲಗಿದರೆ ನಿಮ್ಮ ಮೈಗೆ ದಿನಕ್ಕೆ 5 ಗಂಟೆ 24 ನಿಮಿಷ ಜಾಸ್ತಿ ಕಳೆಯುತ್ತದೆ. ವರ್ಷಕ್ಕೆ ಅದು ಸುಮಾರು 82 ದಿನ. ಹತ್ತು ವರ್ಷ ಹೀಗೇ ನಡೆದರೆ ಓರಗೆಯವರಿಗಿಂತ ಎರಡು ವರ್ಷಕ್ಕೂ ಜಾಸ್ತಿ ಮುದುಕರಾಗಿರುತ್ತೀರಿ. ಅದಕ್ಕಿಂತ ಮೊದಲೇ ಮೈ ತಕರಾರು ತೆಗೆಯುತ್ತದೆ. ನಮ್ಮೊಳಗಿನ ಗಡಿಯಾರ ಸುಮಾರು 24 ಗಂಟೆಗೆ ಒಗ್ಗಿಕೊಂಡಿದ್ದು. ದಿನವನ್ನು 29 ಗಂಟೆಗೆ ಎಳೆದರೆ ಹಸಿವು, ಮಲವಿಸರ್ಜನೆ, ಮುಟ್ಟು, ಎಲ್ಲವೂ ಏರುಪೇರು. ಪಾಳಿ ಕೆಲಸದಲ್ಲಿ ಈ ಕಷ್ಟ ನೋಡಿದವರಿಗೆ ನಾನು ಬಿಡಿಸಿ ಹೇಳಬೇಕಾಗಿಲ್ಲ. ನಾನು ವಾರಕ್ಕೊಮ್ಮೆ, ತೀರಾ ಆಗದ ದಿನ ಮಾತ್ರ, ಅದೂ 2 ಅಥವಾ 3ಕ್ಕೆ ಇಟ್ಟು ಬಳಸುತ್ತೇನೆ.

ಆದರೆ ಜಾಹೀರಾತು ಹೇಳುವುದೇ ಬೇರೆ. ಅದರಲ್ಲಿ ಒಬ್ಬ ಹುಡುಗ ಗುಡಾರದೊಳಗೆ ಲ್ಯಾಪ್‌ಟಾಪ್ ಇಟ್ಟುಕೊಂಡು ಮೂರು ದಿನದ ಕೆಲಸವನ್ನು ಒಂದೇ ಬೆಳಗ್ಗೆ ಮುಗಿಸುತ್ತಾನೆ. ನೋಡಿ ನನಗೆ ಹೊಟ್ಟೆ ಉರಿಯಿತು. ಆ ಮೂರು ದಿನ ಅವನ ಆಯುಷ್ಯದ್ದು. ಸಂಬಳ ಕೊಡುವವರು ಎಣಿಸುವುದು ಹೊರಗಿನ ಒಂದು ಬೆಳಗ್ಗೆಯನ್ನು. ನನ್ನ ಜೊತೆಯವಳೊಬ್ಬಳು ವಾರ್ಡಿನ ವರದಿಗಳನ್ನು ಇದರೊಳಗೆ ಕೂತು ಬರೆಯತೊಡಗಿದಳು. ಈಗ ಅವಳಿಗೆ ಬರುವ ವರದಿಗಳೇ ದುಪ್ಪಟ್ಟು. ಒಳಗೆ ದುಡಿದ ಗಂಟೆಗೆ ಒಳಗಿನ ಗಡಿಯಾರದ ಪ್ರಕಾರವೇ ಕೂಲಿ ಸಿಗುವ ತನಕ ಯಾರೂ ಕೆಲಸದ ಕಾಗದ ಹಿಡಿದು ಒಳಗೆ ಹೋಗಬೇಡಿ.

ಕಾಯಿಲೆಯವರನ್ನು ನೋಡಿಕೊಳ್ಳುವವರು, ಹಸುಗೂಸಿನ ತಾಯಂದಿರು, ಪಾಳಿ ಕೆಲಸದವರು ಧೈರ್ಯವಾಗಿ ಕೊಳ್ಳಬಹುದು, ಕಾವಲಿಗೆ ಒಬ್ಬರು ಇದ್ದರೆ. ಐದಕ್ಕೆ ಮೂರೂವರೆ ಅಂಕ ಕೊಡುತ್ತೇನೆ. ಗುಡಾರ ಮುಚ್ಚಿದರೆ ಮಾತ್ರ ಹತ್ತುವ ಸ್ವಿಚ್ಚು, ಹೊರಗಿನ ಕೂಗನ್ನು ಸರಿಯಾದ ದನಿಯಲ್ಲಿ ಒಳಗೆ ಕೇಳಿಸುವ ಒಂದು ಸ್ಪೀಕರ್, ಇವೆರಡನ್ನು ಸೇರಿಸಲಿ, ಉಳಿದ ಅಂಕವನ್ನೂ ಸಂತೋಷವಾಗಿ ಕೊಡುತ್ತೇನೆ.