ಯಕ್ಷಗಾನ ಮೇಳವೋ, ನಾಟಕವೋ? ಉಡುಪಿ ಕಡೆಯ ಹುಡುಗ ಹುಡುಗಿಯರಿಗೆ

ಕುಣಿತ, ಅಭಿನಯ ಎರಡರಲ್ಲೂ ಆಸೆ ಇರುವವರಿಗೆ ಇಲ್ಲಿ ಎರಡು ದಾರಿ ಇವೆ.

ಮೇಳದಲ್ಲಿ ಹಾಡು ಭಾಗವತರದ್ದು. ನೀವು ಕುಣಿದು, ಆಮೇಲೆ ಆ ಹಾಡಿನ ಅರ್ಥ ಮಾತಿನಲ್ಲಿ ಹೇಳಬೇಕು, ಅದೂ ಬಾಯಿಪಾಠ ಅಲ್ಲ, ಎದುರಿನ ವೇಷಧಾರಿ ಏನು ಕೇಳ್ತಾರೋ ಅದಕ್ಕೆ ಅಲ್ಲೇ ಉತ್ತರ ಕಟ್ಟಬೇಕು. ಪುರಾಣ ಓದಿರದಿದ್ದರೆ ಕಷ್ಟ. ನಾಟಕದಲ್ಲಿ ಮಾತು ಮೊದಲೇ ಬರೆದಿರುತ್ತದೆ, ಆದರೆ ರಂಗಗೀತೆ ಇದ್ದರೆ ನೀವೇ ಹಾಡಬೇಕು. ಕಂಠ ಚೆನ್ನಾಗಿದ್ದು ಹೆಜ್ಜೆ ಸಾಧಾರಣ ಅನ್ನುವವರಿಗೆ ಇದೇ ವಾಸಿ.

ಕಲಿಕೆಗೆ ಉಡುಪಿಯಲ್ಲಿ 1971ರಿಂದ ಯಕ್ಷಗಾನ ಕೇಂದ್ರ ಇದೆ. ನಾಟಕಕ್ಕೆ ಘಟ್ಟ ಹತ್ತಿ ಹೆಗ್ಗೋಡಿಗೆ ಹೋಗಬಹುದು, ನೀನಾಸಂ ರಂಗಶಿಕ್ಷಣ ಕೇಂದ್ರ 1980ರಲ್ಲಿ ಶುರುವಾದದ್ದು.

ದುಡಿಮೆಯ ವಿಷಯ ಸರಿಯಾಗಿ ಯೋಚಿಸಿ. ಮೇಳದ ತಿರುಗಾಟ ಸಾಮಾನ್ಯವಾಗಿ ನವೆಂಬರ್‌ನಿಂದ ಮೇ ತನಕ. ಅಷ್ಟು ತಿಂಗಳು ಹೆಚ್ಚುಕಡಿಮೆ ದಿನಾ ಆಟ, ಹಾಗಾಗಿ ಸಂಬಳ ಖಾತ್ರಿ, ನಿದ್ದೆ ಮಾತ್ರ ಇಲ್ಲ. ಬೆಳಗಿನ ತನಕ ಎಳೆಯದೆ ಬೇಗ ಮುಗಿಸುವ ಕಾಲಮಿತಿ ಆಟ ಜಾಸ್ತಿಯಾದ ಮೇಲೆ ಸ್ವಲ್ಪ ಸುಧಾರಿಸಿದೆ. ಮಳೆಗಾಲಕ್ಕೆ ಬೇರೆ ಕೆಲಸ ಹುಡುಕಬೇಕು, ಇಲ್ಲವೇ ಚಿಕ್ಕಮೇಳದಲ್ಲಿ ಮನೆಮನೆ ತಿರುಗಬೇಕು. ನಾಟಕದವರಿಗೆ ರೆಪರ್ಟರಿ, ಅಂದರೆ ಸಂಬಳ ಕೊಟ್ಟು ನಟರನ್ನು ಇಟ್ಟುಕೊಳ್ಳುವ ತಂಡ, ಸಿಕ್ಕರೆ ಒಂದಷ್ಟು ಕಾಲ ನೆಮ್ಮದಿ, ಆಮೇಲೆ ಶಾಲೆಗಳಲ್ಲಿ ಮಕ್ಕಳ ನಾಟಕ, ಶಿಬಿರ, ಧಾರಾವಾಹಿ ಹೀಗೆ.

ಚೌಕಿಗೆ, ಅಂದರೆ ವೇಷ ಕಟ್ಟುವ ಜಾಗಕ್ಕೆ, ಒಮ್ಮೆ ಹೋಗಿ ಕೂತು ನೋಡಿ. ತೆಂಕುತಿಟ್ಟಿನಲ್ಲಿ (ದಕ್ಷಿಣದ ಶೈಲಿಯಲ್ಲಿ) ಬಣ್ಣದ ವೇಷದವರು, ಅಂದರೆ ರಾಕ್ಷಸ ಪಾತ್ರದವರು, ಅಕ್ಕಿಹಿಟ್ಟು, ಸುಣ್ಣ ಕಲಸಿ ಮುಖದ ಮೇಲೆ ಚುಟ್ಟಿ (ಉಬ್ಬಿದ ಬಿಳಿ ಚುಕ್ಕೆಗಳ ಸಾಲು) ಇಡುವುದಕ್ಕೇ ಗಂಟೆಗಟ್ಟಲೆ ಹಿಡಿಯುತ್ತದೆ, ಅದೂ ಅವರದೇ ಕೈಯಿಂದ. ಆ ತಾಳ್ಮೆ ನಿಮಗಿದ್ದರೆ ಮೇಳಕ್ಕೇ ಹೋಗಿ ಅಂತೀನಿ.

ಹುಡುಗಿಯರಿಗೆ ಮಾತ್ರ ನನ್ನ ಸಲಹೆ ಬೇರೆ. ವೃತ್ತಿಮೇಳಗಳಲ್ಲಿ ಈಗಲೂ ಗಂಡಸರೇ ಜಾಸ್ತಿ. ಹವ್ಯಾಸಿ ಮಹಿಳಾ ತಂಡದಲ್ಲಿ ಯಕ್ಷಗಾನ ಮುಂದುವರಿಸಿ, ಹೊಟ್ಟೆಪಾಡಿಗೆ ನಾಟಕದ ತರಬೇತಿ ಮಾಡಿಕೊಳ್ಳಿ.